ಅಜ್ಜಿಯ ಮಾತ್ರೆ, ಬ್ರೆಜಿಲ್ಲಿನ ಹಾವು



ಹೋದ ತಿಂಗಳು ನಮ್ಮ ಮನೆಯಲ್ಲಿ ಹಾವಿನಿಂದಾಗಿ ಒಂದು ಗಲಾಟೆಯಾಯಿತು. ಹಾವೇನೂ ಮನೆಯೊಳಗೆ ಬಂದಿರಲಿಲ್ಲ, ಅದರ ಸುದ್ದಿ ಮಾತ್ರ ಬಂದಿತ್ತು.

ಆರನೇ ತರಗತಿಯಲ್ಲಿ ಓದುವ ನನ್ನ ಮೊಮ್ಮಗಳು ಸಹನಾ ಒಂದು ಸಂಜೆ ಶಾಲೆಯಿಂದ ಬಂದವಳೇ ಅಡುಗೆಮನೆಗೆ ಓಡಿದಳು. "ಅಜ್ಜೀ, ನೀನು ದಿನಾ ನುಂಗೋ ಬಿ.ಪಿ. ಮಾತ್ರೆ ಹಾವಿನ ವಿಷದಿಂದ ಬಂದಿದ್ದಂತೆ!" ಅಜ್ಜಿ ಏನೂ ಹೇಳಲಿಲ್ಲ. ಒಗ್ಗರಣೆ ಸೌಟು ಹಿಡಿದು ಸುಮ್ಮನೆ ನಿಂತಿದ್ದಳು. ನಾನೂ ಅದನ್ನು ಅಲ್ಲಿಗೇ ಮರೆತೆ.

ಎರಡು ವಾರವಾದ ಮೇಲೆ ಅಜ್ಜಿಗೆ ತಲೆನೋವು, ತಲೆಸುತ್ತು ಶುರುವಾಯಿತು. ಡಾಕ್ಟರ ಹತ್ತಿರ ಕರೆದುಕೊಂಡು ಹೋದೆ. ರಕ್ತದೊತ್ತಡ 180/100 ಇತ್ತು. "ಮಾತ್ರೆ ತಪ್ಪದೆ ತಗೊಳ್ತಿದ್ದೀರಾ ಅಮ್ಮಾ?" ಎಂದು ಡಾಕ್ಟರು ಕೇಳಿದರೆ ಅಜ್ಜಿ ನೆಲ ನೋಡಿದಳು. ಮನೆಗೆ ಬಂದು ಹುಡುಕಿದಾಗ ಸಾಸಿವೆ ಡಬ್ಬಿಯ ಹಿಂದೆ ಹದಿನಾಲ್ಕು ಮಾತ್ರೆ ಸಿಕ್ಕವು.

"ಹುತ್ತಕ್ಕೆ ಹಾಲೆರೆಯೋಳು ನಾನು. ನಾಗಪ್ಪನ ವಿಷ ಹೇಗ್ರೀ ನುಂಗಲಿ?" ಎಂದಳು.

ಸಹನಾಳ ಕಣ್ಣು ತುಂಬಿತು. "ನನ್ನಿಂದಲೇ ಅಲ್ವಾ ತಾತ? ನಾನು ಹೇಳಿದ್ದು ಸುಳ್ಳಾ?"

"ಸುಳ್ಳಲ್ಲ ಮರಿ, ಅರ್ಧ ಮಾತ್ರ ಹೇಳಿದೆ. ಉಳಿದರ್ಧ ಇಬ್ಬರೂ ಕೇಳಿ" ಎಂದು ಜಗಲಿಯ ಮೇಲೆ ಕೂರಿಸಿಕೊಂಡು ಹೇಳಿದೆ. ಅದನ್ನೇ ಈಗ ನಿಮಗೂ ಹೇಳುತ್ತೇನೆ.

ದಕ್ಷಿಣ ಅಮೆರಿಕದ ಬ್ರೆಜಿಲ್ ದೇಶದಲ್ಲಿ ಜರರಾಕ ಎಂಬ ಹಾವಿದೆ. ನಮ್ಮ ಕೊಳಕುಮಂಡಲಕ್ಕೆ ಅದು ದೂರದ ನೆಂಟ. ಅದು ಕಚ್ಚಿದರೆ ಮನುಷ್ಯರ ರಕ್ತದೊತ್ತಡ ಕುಸಿದುಬಿಡಬಹುದು. ಹೀಗೇಕೆ? 1948ರಲ್ಲಿ ಅಲ್ಲಿನ ವಿಜ್ಞಾನಿ ಮೌರೀಸಿಯೊ ರೋಚಾ ಇ ಸಿಲ್ವ ಮತ್ತು ಸಂಗಡಿಗರಿಗೆ ಒಂದು ಉತ್ತರ ಸಿಕ್ಕಿತು. ಈ ವಿಷ ಸೇರಿದಾಗ ರಕ್ತದಲ್ಲಿ ಬ್ರಾಡಿಕೈನಿನ್ ಎಂಬ ವಸ್ತು ಹುಟ್ಟುತ್ತದೆ. ಅದು ರಕ್ತನಾಳಗಳನ್ನು ಸಡಿಲಿಸುತ್ತದೆ.

ತೋಟಕ್ಕೆ ನೀರು ಬಿಡುವ ಪೈಪಿನ ಬಾಯಿಯನ್ನು ಬೆರಳಿನಿಂದ ಒತ್ತಿದರೆ ನೀರು ರಭಸದಿಂದ ಚಿಮ್ಮುತ್ತದಲ್ಲವೇ? ಬೆರಳು ತೆಗೆದರೆ ರಭಸ ಇಳಿಯುತ್ತದೆ. ರಕ್ತನಾಳ ಬಿಗಿಯಾದರೆ ಒತ್ತಡ ಏರುವುದೂ, ಸಡಿಲವಾದರೆ ಇಳಿಯುವುದೂ ಹೆಚ್ಚುಕಡಿಮೆ ಹಾಗೆಯೇ.

ರೋಚಾ ಇ ಸಿಲ್ವ ಅವರ ಶಿಷ್ಯ ಸೆರ್ಜಿಯೊ ಫೆರೇರಾ ಇನ್ನೊಂದು ಹೆಜ್ಜೆ ಮುಂದೆ ಹೋದರು. ಬ್ರಾಡಿಕೈನಿನ್ ಬೇಗ ಹಾಳಾಗದಂತೆ ಕಾಯುವ ಅಂಶವೂ ಅದೇ ವಿಷದಲ್ಲಿದೆ ಎಂದು 1965ರಲ್ಲಿ ತಿಳಿಸಿದರು. ಅದನ್ನು ಲಂಡನ್ನಿನಲ್ಲಿ ಜಾನ್ ವೇನ್ ಎಂಬ ವಿಜ್ಞಾನಿಯ ಪ್ರಯೋಗಾಲಯಕ್ಕೆ ಒಯ್ದರು. ಅಲ್ಲಿ ಗುಟ್ಟು ಬಿಚ್ಚಿಕೊಂಡಿತು. ನಮ್ಮ ಮೈಯಲ್ಲಿ ಎ.ಸಿ.ಇ. ಎಂಬ ಕಿಣ್ವವಿದೆ. ರಕ್ತನಾಳ ಬಿಗಿಸುವ ವಸ್ತುವನ್ನು ತಯಾರಿಸುವುದೂ ಅದೇ, ಸಡಿಲಿಸುವ ಬ್ರಾಡಿಕೈನಿನ್ನನ್ನು ಒಡೆಯುವುದೂ ಅದೇ. ವಿಷದಲ್ಲಿದ್ದ ಆ ಅಂಶ ಈ ಕಿಣ್ವದ ಕೈ ಕಟ್ಟಿಹಾಕುತ್ತಿತ್ತು!

ಆದರೆ ಅದನ್ನು ಹಾಗೆಯೇ ನುಂಗಿದರೆ ಪ್ರಯೋಜನವಿಲ್ಲ, ಹೊಟ್ಟೆಯಲ್ಲಿ ಜೀರ್ಣವಾಗಿಬಿಡುತ್ತದೆ. ಅಮೆರಿಕದ ಸ್ಕ್ವಿಬ್ ಕಂಪನಿಯ ಡೇವಿಡ್ ಕುಶ್‌ಮನ್ ಮತ್ತು ಮಿಗೆಲ್ ಒಂಡೆಟ್ಟಿ ಅದು ಕೆಲಸ ಮಾಡುವ ಬಗೆಯನ್ನು ನೋಡಿ ಕಲಿತು, 1975ರಲ್ಲಿ ಅದೇ ಕೆಲಸ ಮಾಡುವ ಬೇರೊಂದು ಪುಟ್ಟ ವಸ್ತುವನ್ನು ಪ್ರಯೋಗಾಲಯದಲ್ಲೇ ತಯಾರಿಸಿದರು. ಅದೇ ಕ್ಯಾಪ್ಟೊಪ್ರಿಲ್. 1981ರಲ್ಲಿ ಅಮೆರಿಕದಲ್ಲಿ ಅದಕ್ಕೆ ಅನುಮತಿ ಸಿಕ್ಕಿತು. ಎನಾಲಾಪ್ರಿಲ್, ಲಿಸಿನೊಪ್ರಿಲ್, ರಾಮಿಪ್ರಿಲ್ ಎಲ್ಲ ಅದರ ತಮ್ಮ ತಂಗಿಯರು. ನಮ್ಮ ಅಜ್ಜಿಯದು ಎನಾಲಾಪ್ರಿಲ್.

"ಹಾಗಾದ್ರೆ ಇದರೊಳಗೆ ವಿಷ ಇಲ್ವೇನ್ರೀ?" ಅಜ್ಜಿ ಕೇಳಿದಳು.

"ಒಂದು ಹನಿಯೂ ಇಲ್ಲ. ಹಾವು ಪಾಠ ಹೇಳಿಕೊಟ್ಟಿತು, ಮಾತ್ರೆ ಮಾಡಿದವರು ಮನುಷ್ಯರು."

"ನಿಜವಾದ ವಿಷದಿಂದ ಔಷಧಿ ಮಾಡೋದೇ ಇಲ್ವಾ ತಾತ?" ಎಂದಳು ಸಹನಾ.

ಮಾಡುತ್ತಾರೆ. ಹಾವು ಕಚ್ಚಿದವರಿಗೆ ಆಸ್ಪತ್ರೆಯಲ್ಲಿ ಕೊಡುವ ಪ್ರತಿವಿಷಕ್ಕೆ ನಿಜವಾದ ವಿಷವೇ ಬೇಕು. ಚೆನ್ನೈ ಹತ್ತಿರದ ವಡನೆಮ್ಮೇಲಿಯಲ್ಲಿ ಇರುಳ ಜನರ ಸಹಕಾರ ಸಂಘವಿದೆ. 1978ರಲ್ಲಿ ಶುರುವಾದದ್ದು. ಅವರು ನಾಗರಹಾವು, ಕಟ್ಟುಹಾವು, ಕೊಳಕುಮಂಡಲ, ಗರಗಸಮಂಡಲ ಈ ನಾಲ್ಕನ್ನೂ ಹಿಡಿದು, ವಿಷ ತೆಗೆದು, ಕೆಲವು ವಾರಗಳ ನಂತರ ಹಾವನ್ನು ಮತ್ತೆ ಬಿಟ್ಟುಬಿಡುತ್ತಾರೆ. ಆ ವಿಷವನ್ನು ಸ್ವಲ್ಪ ಸ್ವಲ್ಪವೇ ಕುದುರೆಗಳಿಗೆ ಚುಚ್ಚುತ್ತಾರೆ. ಅದನ್ನು ಎದುರಿಸಲು ಕುದುರೆಯ ರಕ್ತದಲ್ಲಿ ಹುಟ್ಟುವ ಅಂಶವೇ ಪ್ರತಿವಿಷ. ಆದ್ದರಿಂದ ಮಕ್ಕಳೇ, ಯಾರಿಗಾದರೂ ಹಾವು ಕಚ್ಚಿದರೆ ಹಗ್ಗ ಬಿಗಿಯುವುದು, ಗಾಯ ಕೊಯ್ಯುವುದು, ಬಾಯಿಂದ ಹೀರುವುದು ಯಾವುದೂ ಬೇಡ. ಅಲುಗಾಡದಂತೆ ಮಲಗಿಸಿ, ತಕ್ಷಣ ದೊಡ್ಡವರನ್ನು ಕರೆಯಿರಿ. ಆಸ್ಪತ್ರೆಗೇ ಹೋಗಬೇಕು.

ಹಿರಿಯರಿಗೂ ಒಂದು ಮಾತು. ಈ 'ಪ್ರಿಲ್' ಮಾತ್ರೆಗಳಿಂದ ಕೆಲವರಿಗೆ ಒಣಕೆಮ್ಮು ಬರುತ್ತದೆ. ಉಳಿದುಕೊಂಡ ಬ್ರಾಡಿಕೈನಿನ್ ಅದಕ್ಕೆ ಒಂದು ಕಾರಣ. ಹಾಗಾದರೆ ಮಾತ್ರೆಯನ್ನು ಡಬ್ಬಿಯ ಹಿಂದೆ ಬಚ್ಚಿಡಬೇಡಿ, ಡಾಕ್ಟರಿಗೆ ಹೇಳಿ. ಬೇರೆ ಮಾತ್ರೆಗಳೂ ಇವೆ.

ಅಜ್ಜಿಯ ರಕ್ತದೊತ್ತಡ ಈಗ ಇಳಿದಿದೆ. ಮಾತ್ರೆ ನುಂಗಿದ ದಿನಕ್ಕೆ ಕ್ಯಾಲೆಂಡರಿನಲ್ಲಿ ಗುರುತು ಹಾಕುವ ಕೆಲಸ ಸಹನಾಳದು. ಒಂದು ದಿನವೂ ತಪ್ಪಿಸಿಲ್ಲ. ಮೊನ್ನೆ ಗುರುತು ಹಾಕುವಾಗ ಅಜ್ಜಿ, "ಈ ಸಲ ಪಂಚಮಿಗೆ ಆ ದೂರದೂರಿನ ಹಾವಿನ ಹೆಸರಲ್ಲೂ ಒಂದು ಹೂವು ಇಡಬೇಕು, ಅದರ ಹೆಸರೇನಂದೆ?" ಎಂದಳು.

"ಜರರಾಕ ಅಜ್ಜೀ!" ಎಂದು ಸಹನಾ ಕ್ಯಾಲೆಂಡರಿನ ಮೂಲೆಯಲ್ಲಿ ದೊಡ್ಡದಾಗಿ ಬರೆದಿಟ್ಟಳು.

ಮುಂದಿನ ವಾರ ಸಿಗೋಣ.

ನಿಮ್ಮ ತಾತ