ಚರಂಡಿ ನೀರು ಮೊದಲೇ ಹೇಳುವ ರೋಗ

ಹೈದರಾಬಾದಿನ ಅಂಬರ್‌ಪೇಟೆಯ ಕೊಳಚೆ ನೀರಿನಲ್ಲಿ 2016ರಲ್ಲಿ ಪೋಲಿಯೊ ವೈರಸ್ ಸಿಕ್ಕಿತು. ಭಾರತ ಪೋಲಿಯೊಮುಕ್ತ ಎಂದು 2014ರಲ್ಲೇ ಘೋಷಣೆಯಾಗಿದ್ದರಿಂದ ಇದು ಎಲ್ಲಿಂದ ಬಂತು ಎಂಬ ಪ್ರಶ್ನೆ ಎದ್ದಿತು. ಉತ್ತರ ಅದರ ಜೀನೋಮಿನಲ್ಲೇ ಇತ್ತು. ಮಕ್ಕಳಿಗೆ ಹಾಕುವ ಪೋಲಿಯೊ ಹನಿಯಲ್ಲಿ ಶಕ್ತಿಗುಂದಿಸಿದ ಜೀವಂತ ವೈರಸ್ ಇರುತ್ತದೆ. ಅದು ಕರುಳಿನಲ್ಲಿ ಬೆಳೆದು ಮಲದೊಂದಿಗೆ ಹೊರಬೀಳುತ್ತದೆ. ಲಸಿಕೆ ಸರಿಯಾಗಿ ತಲುಪದ ಕಡೆ ಒಬ್ಬರಿಂದೊಬ್ಬರಿಗೆ ದಾಟುತ್ತ ಹೋದಂತೆ ಅದರ ಆರ್‌ಎನ್‌ಎ ಅಕ್ಷರಗಳು ಬದಲಾಗುತ್ತವೆ. ಹೊರಕವಚದ ಒಂದು ಪ್ರೋಟೀನಿಗೆ ಸೇರಿದ ಸುಮಾರು 900 ಅಕ್ಷರಗಳನ್ನು ಮೂಲ ಲಸಿಕೆಯೊಂದಿಗೆ ತಾಳೆ ನೋಡುತ್ತಾರೆ. ಪೋಲಿಯೊದ ಎರಡನೇ ಬಗೆಯ (ಟೈಪ್ 2) ವೈರಸ್ಸಿನಲ್ಲಿ ಆರು ಅಥವಾ ಅದಕ್ಕಿಂತ ಹೆಚ್ಚು ವ್ಯತ್ಯಾಸ ಕಂಡರೆ ಅದು ಲಸಿಕೆಜನ್ಯ ವೈರಸ್. ಹೈದರಾಬಾದಿನಲ್ಲಿ ಸಿಕ್ಕಿದ್ದು ಅದೇ. ಅದೇ ವರ್ಷದ ಜೂನ್ ತಿಂಗಳಲ್ಲೇ ಹೈದರಾಬಾದ್, ರಂಗಾರೆಡ್ಡಿ ಜಿಲ್ಲೆಗಳ ಸುಮಾರು ಮೂರು ಲಕ್ಷ ಮಕ್ಕಳಿಗೆ ಪೋಲಿಯೊ ಚುಚ್ಚುಮದ್ದು ಹಾಕುವ ವಿಶೇಷ ಅಭಿಯಾನ ನಡೆಯಿತು. ರೋಗಿ ಆಸ್ಪತ್ರೆಗೆ ಬರುವುದನ್ನು ಕಾಯದೆ ಕೆಲಸ ಆರಂಭವಾಯಿತೆಂಬುದೇ ಇಲ್ಲಿ ದೊಡ್ಡ ಮಾತು.

ಕೊರೋನಾ ಕಾಲದಲ್ಲೂ ಹೈದರಾಬಾದಿನ ಕೊಳಚೆ ನೀರು ಹೀಗೆಯೇ ಸುಳಿವು ಕೊಟ್ಟಿತು. 2020ರಲ್ಲಿ ಅಲ್ಲಿನ ಸಂಶೋಧನಾ ಸಂಸ್ಥೆಗಳಾದ ಸಿಸಿಎಂಬಿ ಮತ್ತು ಐಐಸಿಟಿಯ ವಿಜ್ಞಾನಿಗಳು ನಗರದ ಶುದ್ಧೀಕರಣ ಘಟಕಗಳ ಕೊಳಚೆ ನೀರನ್ನು ಪರೀಕ್ಷಿಸಿ, ಸುಮಾರು ಆರು ಲಕ್ಷ ಜನರಿಗೆ ಕೊರೋನಾ ತಗುಲಿರಬಹುದೆಂದು ಅಂದಾಜಿಸಿದರು. ಸರ್ಕಾರಿ ಲೆಕ್ಕ ಇದರ ಹತ್ತಿರಕ್ಕೂ ಬಂದಿರಲಿಲ್ಲ. ಬೆಂಗಳೂರಿನಲ್ಲೂ 28 ಘಟಕಗಳ ನೀರಿನಿಂದ ವೈರಸ್ಸಿನ ತಳಿಗಳನ್ನು ಗುರುತಿಸಲಾಯಿತು.

ರೋಗಾಣುವಿನಷ್ಟೇ ಭಯ ಹುಟ್ಟಿಸಬೇಕಾದದ್ದು ಹೈದರಾಬಾದ್ ಸಮೀಪದ ಪಟಾನ್‌ಚೆರುವಿನ ಕಥೆ. ಸುಮಾರು 90 ಔಷಧ ಕಾರ್ಖಾನೆಗಳ ತ್ಯಾಜ್ಯನೀರು ಸೇರುವ ಅಲ್ಲಿನ ಸಾಮೂಹಿಕ ಘಟಕದಿಂದ ಹೊರಬಿಟ್ಟ ನೀರಿನಲ್ಲಿ, ಲೀಟರಿಗೆ 31 ಮಿಲಿಗ್ರಾಂವರೆಗೆ ಸಿಪ್ರೊಫ್ಲಾಕ್ಸಸಿನ್ ಎಂಬ ಆಂಟಿಬಯೋಟಿಕ್ ಇದ್ದುದನ್ನು ಸ್ವೀಡನ್ನಿನ ಸಂಶೋಧಕರು 2007ರಲ್ಲಿ ಪ್ರಕಟಿಸಿದರು. ಮಾತ್ರೆ ನುಂಗಿದವರ ರಕ್ತದಲ್ಲೂ ಅಷ್ಟಿರುವುದಿಲ್ಲ. ಆ ನೀರು ಸೇರುವ ಹೊಳೆಯ ಕೆಸರಿನ ಡಿಎನ್‌ಎಯನ್ನು ಇಡಿಯಾಗಿ ಓದಿದಾಗ ಆಂಟಿಬಯೋಟಿಕ್‌ಗೆ ಜಗ್ಗದಂತೆ ಮಾಡುವ ಜೀನ್‌ಗಳೂ, ಅವನ್ನು ಬ್ಯಾಕ್ಟೀರಿಯಾದಿಂದ ಬ್ಯಾಕ್ಟೀರಿಯಾಕ್ಕೆ ದಾಟಿಸುವ ಡಿಎನ್‌ಎ ತುಣುಕುಗಳೂ ಹೇರಳವಾಗಿ ಕಂಡವು.

ಜೀನ್ ಸಿಕ್ಕಿತೆಂದ ಮಾತ್ರಕ್ಕೆ ಅದನ್ನು ಹೊತ್ತ ಬ್ಯಾಕ್ಟೀರಿಯಾ ಜೀವಂತವಿದೆ ಎನ್ನಲಾಗದು. ಅದಕ್ಕೆ ಪ್ರಯೋಗಾಲಯದಲ್ಲಿ ಬೆಳೆಸಿ ನೋಡಬೇಕು. ಇನ್ನು, ದೊಡ್ಡ ಘಟಕದಲ್ಲಿ ಹಲವು ಬಡಾವಣೆಗಳ ನೀರು ಒಂದಾಗುವುದರಿಂದ ಮೂಲ ತಿಳಿಯುವುದಿಲ್ಲ. ಮನೆಗಳೂ ಕಾರ್ಖಾನೆಗಳೂ ಒತ್ತಾಗಿರುವ ಹೈದರಾಬಾದಿನ ಕುಷಾಯಿಗೂಡ, ಚರ್ಲಪಲ್ಲಿಯಂಥ ಕಡೆ ನಾಲೆಯಿಂದಲೇ, ಕಾರ್ಖಾನೆ ಸಾಲಿನ ಮೇಲೂ ಕೆಳಗೂ ಬೇರೆಬೇರೆಯಾಗಿ, ವರ್ಷವಿಡೀ ಮಾದರಿ ತೆಗೆಯಬೇಕು. ಫಲಿತಾಂಶ ಸಂಶೋಧನಾ ಪತ್ರಿಕೆಯಲ್ಲಿ ಅಚ್ಚಾಗುವ ಮೊದಲೇ ಅಲ್ಲಿನ ಬಸ್ತಿ ದವಾಖಾನೆಯ (ಬಡಾವಣೆಯ ಸರ್ಕಾರಿ ಚಿಕಿತ್ಸಾಲಯದ) ವೈದ್ಯರ ಕೈಗೆ ಸಿಗಬೇಕು.