ತಂತಿ ಎಳೆಯುವ ಕೈ

ಸುರಭಿಯವರ ‘ಮಾಯಾಬಜಾರ್’ ನಾಟಕದಲ್ಲಿ ಎರಡು ಬಾಣಗಳು ಎದುರುಬದುರಾಗಿ ಹಾರಿ ಬಂದು ನಡುಗಾಳಿಯಲ್ಲೇ ಡಿಕ್ಕಿ ಹೊಡೆಯುತ್ತವೆ. ನಾರದ ಮೋಡದ ನಡುವಿನಿಂದ ಇಳಿದು ಬರುತ್ತಾನೆ. ಕಂಪ್ಯೂಟರಿನ ಹಂಗಿಲ್ಲ. ತಂತಿ, ರಾಟೆ, ಹಗ್ಗ, ಬಣ್ಣದ ಪರದೆ, ಪಕ್ಕದಲ್ಲಿ ಉಸಿರು ಬಿಗಿಹಿಡಿದು ನಿಂತ ಮನುಷ್ಯ, ಅಷ್ಟೇ.

1885ರಲ್ಲಿ ಕಡಪಾ ಸೀಮೆಯ ಸುರಭಿ ಎಂಬ ಹಳ್ಳಿಯಲ್ಲಿ ವನಾರಸ ಗೋವಿಂದರಾವ್ ‘ಕೀಚಕವಧೆ’ ಆಡಿಸಿದ್ದರಿಂದ ಶುರುವಾದ ಪರಂಪರೆ ಇದು. ನಮ್ಮ ಗುಬ್ಬಿ ಕಂಪನಿ ಹುಟ್ಟಿದ್ದು ಅದಕ್ಕೆ ಒಂದೇ ವರ್ಷ ಮೊದಲು. ಸುರಭಿಯದು ಮನೆಮಂದಿಯ ಕಂಪನಿ. ಅಜ್ಜ, ಸೊಸೆ, ಮೊಮ್ಮಗು ಎಲ್ಲರೂ ಬಣ್ಣ ಹಚ್ಚುವವರೇ. ಗಂಡಸರೇ ಸೀರೆಯುಟ್ಟು ಸ್ತ್ರೀಪಾತ್ರ ಮಾಡುತ್ತಿದ್ದ ಕಾಲದಲ್ಲಿ ಇಲ್ಲಿ ಹೆಂಗಸರೇ ರಂಗಕ್ಕೆ ಬಂದರು. ಅವರ ಕುಟುಂಬಗಳು ಈಗ ಹೈದರಾಬಾದಿನ ಲಿಂಗಂಪಲ್ಲಿಯಲ್ಲಿವೆ. ಹೈಟೆಕ್ ಸಿಟಿಯ ಗಾಜಿನ ಕಟ್ಟಡಗಳು ಅಲ್ಲಿಂದ ತೀರಾ ದೂರವಲ್ಲ.

ಮೊಬೈಲು ನಾಟಕವನ್ನು ಕೊಂದಿತು ಎಂದು ಗೊಣಗುವವರ ಮಾತು ಅರ್ಧ ಮಾತ್ರ ನಿಜ. ಕಂಪನಿ ನಾಟಕ ಯಂತ್ರಕ್ಕೆ ಎಂದೂ ಬೆನ್ನು ಹಾಕಿದ್ದಲ್ಲ. ವಿದ್ಯುತ್ ದೀಪ, ಮೈಕು, ಟ್ರಿಕ್ ಸೀನು ಎಲ್ಲವನ್ನೂ ಒಳಗೆ ಕರೆದುಕೊಂಡಿತು. ಗುಬ್ಬಿ ವೀರಣ್ಣನವರು ‘ಕುರುಕ್ಷೇತ್ರ’ಕ್ಕೆ ನಿಜವಾದ ಆನೆ, ಕುದುರೆಗಳನ್ನೇ ತಂದರು.

ಈಗ ಸಿಗುವ ಬಿಟ್ಟಿ ಸಲಹೆ ಬೇರೆ: ‘ಯೂಟ್ಯೂಬಿಗೆ ಹಾಕಿಬಿಡಿ, ಜಗತ್ತೇ ನೋಡುತ್ತದೆ’. ಹಾಕಲಿ, ಕಲಿಯುವವರಿಗೆ ದಾಖಲೆಯಾದರೂ ಉಳಿಯುತ್ತದೆ. ಆದರೆ ಸುರಭಿಯ ಮಾಯೆ ಫೋನಿನ ಮೇಲೆ ಸಪ್ಪೆ. ಆ ಗಾಜಿನೊಳಗೆ ಏನು ಬೇಕಾದರೂ ಹಾರುತ್ತದೆ, ಯಾರಿಗೂ ಅಚ್ಚರಿಯಿಲ್ಲ. ಸಭಾಂಗಣದಲ್ಲಿ ಬಾಣ ಗುರಿ ತಪ್ಪಬಹುದು, ತಂತಿ ಸಿಕ್ಕಿಹಾಕಿಕೊಳ್ಳಬಹುದು. ಆ ಅಳುಕನ್ನು ನಟನೂ ನೋಡುಗನೂ ಒಟ್ಟಿಗೆ ಅನುಭವಿಸುವುದರಲ್ಲೇ ಅದರ ಸ್ವಾರಸ್ಯವಿದೆ. ಅಡುಗೆಯ ಫೋಟೋ ನೋಡಿ ಹೊಟ್ಟೆ ತುಂಬೀತೇ?

ಇದನ್ನು ಬಿ.ವಿ. ಕಾರಂತರಿಗೆ ಯಾರೂ ಹೇಳಿಕೊಡಬೇಕಿರಲಿಲ್ಲ. ಹುಡುಗನಾಗಿ ಮನೆ ಬಿಟ್ಟು ಗುಬ್ಬಿ ಕಂಪನಿ ಸೇರಿದವರು ಅವರು. 1990ರ ದಶಕದಲ್ಲಿ ಸುರಭಿಯವರೊಂದಿಗೆ ‘ಭೀಷ್ಮ’, ‘ಚಂಡಿಪ್ರಿಯ’, ಬ್ರೆಕ್ಟ್‌ನ ನಾಟಕವನ್ನು ಹೈದರಾಬಾದಿನ ಬಸ್ತಿಗೆ ತಂದ ‘ಬಸ್ತಿ ದೇವತ ಯಾದಮ್ಮ’ ಮಾಡಿಸಿದರು. ಹಳೆಯ ಪಳೆಯುಳಿಕೆಯೆಂದು ಮರುಗಲಿಲ್ಲ, ಹೊಸ ಕೆಲಸ ಕೊಟ್ಟರು. ಅವರು ತೋರಿದ ಗೌರವ ಅಂಥದ್ದು, ಅದು ಪ್ರಶಸ್ತಿಗಿಂತ ದೊಡ್ಡದು.

ಪ್ರಶಸ್ತಿಯೂ ಬಂತೆನ್ನಿ. ಬಾಬ್ಜಿ ಎಂದೇ ಹೆಸರಾದ ನಾಗೇಶ್ವರರಾವ್ ಅವರಿಗೆ 2013ರಲ್ಲಿ ಪದ್ಮಶ್ರೀ ಸಿಕ್ಕಿತು. ಹಗ್ಗ ಹಿಡಿದವನ ಹೆಸರು ಮಾತ್ರ ಪ್ರೇಕ್ಷಕರ ಬಾಯಿಗೆ ಇಂದಿಗೂ ಬಂದಿಲ್ಲ. ಅವನು ಕಾಣಿಸಿಕೊಂಡರೆ ಆಟ ಕೆಟ್ಟಂತೆ. ಕಾಣದಿದ್ದರೆ ಲೆಕ್ಕಕ್ಕೇ ಇಲ್ಲ.

ಹೈದರಾಬಾದಿಗೆ ಹೋಗುವ ಕನ್ನಡಿಗರು ಚಾರ್‌ಮಿನಾರ್, ಬಿರಿಯಾನಿ, ಫಿಲ್ಮ್ ಸಿಟಿ ಮುಗಿಸಿ ರಾತ್ರಿ ಬಸ್ಸು ಹತ್ತುತ್ತಾರೆ. ಆಟವಿರುವ ದಿನ ವಿಚಾರಿಸಿಕೊಂಡು ಒಂದು ಸಂಜೆ ಉಳಿದರೆ ಚೆನ್ನು. ಟಿಕೆಟ್ ಕೊಂಡೇ ಹೋಗಬೇಕು. ನಟ್ಟನಡುವಿನ ಕುರ್ಚಿ ಬೇಡ, ಮುಂದಿನ ಸಾಲಿನ ಅಂಚಿನದು ಹಿಡಿಯಿರಿ. ಬಾಣ ಹಾರುವ ಹೊತ್ತಿಗೆ ಪರದೆಯ ಸಂದಿಯಲ್ಲಿ ಆ ಕೈ ಕಂಡರೂ ಕಂಡೀತು.