ಕಲ್ಪಿತ ಭಾಷೆಯೂ ವ್ಯಾಕರಣದ ಮಹಿಮೆಯೂ

ವ್ಯಾಕರಣವು ಶುಷ್ಕಶಾಸ್ತ್ರ, ಅದರಿಂದ ರಸೋತ್ಪತ್ತಿಯಾಗದು ಎಂಬ ಮಾತು ವಿದ್ಯಾವಂತರಲ್ಲಿಯೂ ರೂಢವಾಗಿದೆ. ಆಕ್ಸ್‌ಫರ್ಡ್ ವಿಶ್ವವಿದ್ಯಾಲಯದಲ್ಲಿ ಪ್ರಾಚೀನ ಇಂಗ್ಲಿಷಿನ ಪ್ರಾಧ್ಯಾಪಕರಾಗಿದ್ದ ಜೆ. ಆರ್. ಆರ್. ಟೋಲ್ಕಿನ್ (1892–1973) ಅವರ ಕೃತಿಗಳೇ ಇದಕ್ಕೆ ತಕ್ಕ ಉತ್ತರ.

1954–55ರಲ್ಲಿ ಪ್ರಕಟವಾದ ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ ಎಂಬ ಅದ್ಭುತ ಕಥೆಯಲ್ಲಿ ‘ಎಲ್ಫ್’ ಎಂಬ ಅಮರ ಜನಾಂಗವೊಂದುಂಟು. ಆ ಜನರ ನುಡಿಗಳೆಂದು ಟೋಲ್ಕಿನ್ನರು ಕ್ವೆನ್ಯ, ಸಿಂದರಿನ್ ಎಂಬ ಭಾಷೆಗಳನ್ನು ನಿರ್ಮಿಸಿದರು. ಮೊದಲನೆಯದಕ್ಕೆ ಫಿನ್ನಿಷ್ ಭಾಷೆಯ ನಾದವೂ ಎರಡನೆಯದಕ್ಕೆ ವೆಲ್ಷ್ ಭಾಷೆಯ ನಾದವೂ ಪ್ರೇರಣೆ. ಇವು ಮನಬಂದಂತೆ ಪೋಣಿಸಿದ ಶಬ್ದಗಳಲ್ಲ. ಮೂಲಭಾಷೆಯೊಂದನ್ನು ಕಲ್ಪಿಸಿ, ನಿಯತವಾದ ಧ್ವನಿವ್ಯತ್ಯಾಸಗಳ ಮೂಲಕ ಎರಡನ್ನೂ ಅದರಿಂದ ನಿಷ್ಪನ್ನಗೊಳಿಸಿದರು. ‘ಗಲದಾ’ ಎಂಬ ಮೂಲರೂಪವು ಕ್ವೆನ್ಯದಲ್ಲಿ ‘ಅಲ್ದ’, ಸಿಂದರಿನ್ನಿನಲ್ಲಿ ‘ಗಲಧ್’ ಆಯಿತು. ಎರಡಕ್ಕೂ ಅರ್ಥ ಮರ. ‘ಪಾಲು’ ‘ಹಾಲು’ ಆದ ಬಗೆಯನ್ನು ಬಲ್ಲ ಕನ್ನಡಿಗರಿಗೆ ಈ ಕ್ರಮವು ಅಪರಿಚಿತವಲ್ಲ.

ಕಥೆಗಾಗಿ ಭಾಷೆ ಹುಟ್ಟಿತೆಂದು ಭಾವಿಸುವುದು ಸಹಜ. ಆದರೆ ಭಾಷೆಗಳೇ ಮೊದಲು, ಅವುಗಳಿಗೊಂದು ಲೋಕವನ್ನು ಒದಗಿಸಲೆಂದೇ ಕಥೆ ಎಂದು ಟೋಲ್ಕಿನ್ನರೇ ತಿಳಿಸಿದ್ದಾರೆ. ಐತಿಹ್ಯವಿಲ್ಲದ ಭಾಷೆಗೆ ಜೀವವಿಲ್ಲವೆಂಬುದು ಅವರ ದೃಢಮತವಾಗಿತ್ತು.

ಆಡುವ ಜನರಿಲ್ಲದ ನುಡಿಗೆ ಇಷ್ಟು ಶ್ರಮವೇಕೆಂಬ ಆಕ್ಷೇಪ ಬರಬಹುದು. ಜೀವನದ ಕೊನೆಯವರೆಗೂ ತಿದ್ದುತ್ತಲೇ ಇದ್ದು, ಅವರು ಅವುಗಳನ್ನು ಪೂರ್ಣಗೊಳಿಸಲಿಲ್ಲವೆಂಬುದೂ ನಿಜವೇ. ಆದರೂ ಆ ಕಥೆಯ ಬೆಟ್ಟ, ನದಿ, ವ್ಯಕ್ತಿಗಳ ಹೆಸರುಗಳು ಒಂದೇ ನೆಲದಲ್ಲಿ ಬೆಳೆದವುಗಳಂತೆ ತೋರುವುದು ಆ ಶ್ರಮದ ಫಲವೇ.

ಆದುದರಿಂದ ಶಾಲೆಗಳಲ್ಲಿ ವ್ಯಾಕರಣದ ಪಾಠವನ್ನು ಮೊಟಕುಗೊಳಿಸುವುದು ಉಚಿತವಲ್ಲ. ಕಂಠಪಾಠಕ್ಕೆ ಸೀಮಿತಗೊಳಿಸುವುದೂ ಉಚಿತವಲ್ಲ. ಪ್ರತಿಯೊಂದು ಶಬ್ದಕ್ಕೂ ವಂಶವೊಂದುಂಟು, ಚರಿತ್ರೆಯೊಂದುಂಟು. ಅದನ್ನು ಕಥೆಯಾಗಿ ಹೇಳಬಲ್ಲ ಅಧ್ಯಾಪಕರಿದ್ದರೆ ವ್ಯಾಕರಣವೇ ಕಾವ್ಯಕ್ಕೆ ಹೆಬ್ಬಾಗಿಲಾದೀತು.